ನೀವು ಕೇಳಿದ್ದು: ಸಿಎಸ್‌ಆರ್ ಫೈಲು ಯಾರ ಮೇಜಿನ ಮೇಲಿರಬೇಕು?

ಕಂಪನಿಗಳ ಸಾಮಾಜಿಕ ಹೊಣೆಗಾರಿಕೆ, ಅಂದರೆ ಈಗ ಎಲ್ಲರೂ ಸಿಎಸ್‌ಆರ್ ಅಂತ ಕರೆಯುತ್ತಾರಲ್ಲ, ಅದರ ಬಗ್ಗೆ ಪ್ರಶ್ನೆ ಕಳಿಸಿ ಅಂತ ಕಳೆದ ತಿಂಗಳು ಕೇಳಿದ್ದೆ. ಪತ್ರಗಳು ಅಂದುಕೊಂಡಿದ್ದಕ್ಕಿಂತ ಜಾಸ್ತಿ ಬಂದಿವೆ. ಒಂದೇ ಥರದವನ್ನು ಸೇರಿಸಿ ಉತ್ತರಿಸಿದ್ದೇನೆ. ಬರೆದವರ ಹೆಸರಾಗಲಿ, ಅವರ ಕಂಪನಿಯ ಹೆಸರಾಗಲಿ ಹಾಕಿಲ್ಲ. ಹಾಕಬೇಡಿ ಅಂತ ಕೆಲವರು ಕೇಳಿಕೊಂಡಿದ್ದಾರೆ, ಉಳಿದವರಿಗೂ ಅದೇ ಕ್ಷೇಮ.

ಪ್ರಶ್ನೆ: ಮೇಡಂ, ನಾನು ಒಂದು ವಿದೇಶಿ ಕಂಪನಿಯ ಬೆಂಗಳೂರು ಸೆಂಟರ್‌ನಲ್ಲಿ ಸಿಎಸ್‌ಆರ್ ನೋಡಿಕೊಳ್ಳುತ್ತೇನೆ. ಸರ್ಕಾರಿ ಶಾಲೆಗೆ ಬೆಂಚು, ಮಕ್ಕಳಿಗೆ ಬ್ಯಾಗು, ವರ್ಷಕ್ಕೊಮ್ಮೆ ಗಿಡ ನೆಡುವುದು, ಇದು ನಮ್ಮ ಕೆಲಸ. ಈಗ ಹೆಡ್ ಆಫೀಸ್‌ನಿಂದ ‘ಸಿಎಸ್‌ಆರ್ ಅನ್ನು ಕಂಪನಿಯ ಮ್ಯಾನೇಜ್‌ಮೆಂಟ್ ಸ್ಟ್ರಾಟಜಿಯೊಳಗೆ ತನ್ನಿ, ಪ್ಲಾನ್ ಕಳಿಸಿ’ ಅಂತ ಮೇಲ್ ಬಂದಿದೆ. ನನ್ನ ಕೈಯಲ್ಲಿರುವುದು ಆ ಎರಡು ಪರ್ಸೆಂಟ್ ದುಡ್ಡು ಅಷ್ಟೇ. ಎಲ್ಲಿಂದ ಶುರು ಮಾಡಲಿ? (ವೈಟ್‌ಫೀಲ್ಡ್)

ಉತ್ತರ: ಆ ಎರಡು ಪರ್ಸೆಂಟ್ ದುಡ್ಡಿನಿಂದ ಶುರು ಮಾಡಲೇಬೇಡಿ. ನಿಮ್ಮ ಹೆಡ್ ಆಫೀಸ್ ಕೇಳುತ್ತಿರುವುದು ಒಂದು, ನಮ್ಮ ಕಾನೂನು ಕೇಳುವುದು ಇನ್ನೊಂದು. ಎರಡನ್ನೂ ಒಂದೇ ಬಜೆಟ್ಟಿನಲ್ಲಿ ಮುಗಿಸೋಕೆ ಹೋದರೆ ಎರಡೂ ಕೆಡುತ್ತವೆ.

ಮೊದಲು ನಮ್ಮ ಕಾನೂನು ನೋಡೋಣ. 2013ರ ಕಂಪನಿ ಕಾಯ್ದೆಯ 135ನೇ ಸೆಕ್ಷನ್ 2014ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಹಿಂದಿನ ವರ್ಷದಲ್ಲಿ ನಿವ್ವಳ ಆಸ್ತಿ 500 ಕೋಟಿ ರೂಪಾಯಿ, ಇಲ್ಲವೇ ವಹಿವಾಟು 1,000 ಕೋಟಿ, ಇಲ್ಲವೇ ನಿವ್ವಳ ಲಾಭ 5 ಕೋಟಿ ಮುಟ್ಟಿದ ಕಂಪನಿ ತನ್ನ ಹಿಂದಿನ ಮೂರು ವರ್ಷದ ಸರಾಸರಿ ಲಾಭದ ಶೇ. 2ರಷ್ಟನ್ನು ಸಮಾಜದ ಕೆಲಸಕ್ಕೆ ಹಾಕಬೇಕು. ಯಾವ್ಯಾವ ಕೆಲಸ ಅಂತ ಅದೇ ಕಾಯ್ದೆಯ ಏಳನೇ ಶೆಡ್ಯೂಲ್‌ನಲ್ಲಿದೆ. ಇದರ ಜೊತೆಗೇ ಒಂದು ಕಟ್ಟುಪಾಡೂ ಇದೆ. ಕಂಪನಿ ತನ್ನ ಮಾಮೂಲಿ ವ್ಯವಹಾರಕ್ಕೆ ಈ ದುಡ್ಡು ಬಳಸುವ ಹಾಗಿಲ್ಲ. ಬರೀ ತನ್ನ ನೌಕರರಿಗೆ ಅನುಕೂಲವಾಗುವ ಕೆಲಸಕ್ಕೂ ಹಾಕುವ ಹಾಗಿಲ್ಲ. ಸರಕಿನ ಪ್ರಚಾರಕ್ಕೆ ಕೊಟ್ಟ ಸ್ಪಾನ್ಸರ್‌ಶಿಪ್ ಕೂಡ ಲೆಕ್ಕಕ್ಕೆ ಬರುವುದಿಲ್ಲ. ಈ ಕಟ್ಟುಪಾಡು ಇರಲೇಬೇಕು, ಇಲ್ಲದಿದ್ದರೆ ಜಾಹೀರಾತು ಖರ್ಚನ್ನೆಲ್ಲ ಸಮಾಜಸೇವೆ ಅಂತ ತೋರಿಸಿಬಿಡುತ್ತಿದ್ದರು. ಆದರೆ ಇದರ ಅರ್ಥ ಏನು? ನಿಮ್ಮ ಫಂಡ್ ಕಂಪನಿಯ ವ್ಯವಹಾರದಿಂದ ಹೊರಗೇ ಇರಬೇಕು ಅಂತ ಕಾನೂನೇ ಹೇಳಿದೆ. ಅದನ್ನು ಸ್ಟ್ರಾಟಜಿಯೊಳಗೆ ತನ್ನಿ ಅಂದರೆ ಎಲ್ಲಿಂದ ತರುತ್ತೀರಿ?

ಹೆಡ್ ಆಫೀಸ್‌ನವರು ಕೇಳುತ್ತಿರುವುದು ಲಾಭ ಬಂದಮೇಲಿನ ಮಾತಲ್ಲ, ಲಾಭ ಬರುವ ದಾರಿಯ ಮಾತು. ಕಂಪನಿಯಿಂದ ಸಮಾಜದ ಮೇಲೆ ಆಗುವ ಪರಿಣಾಮಕ್ಕೆ ಕಂಪನಿಯೇ ಹೊಣೆ ಅಂತ ಯುರೋಪಿಯನ್ ಕಮಿಷನ್ 2011ರಲ್ಲಿ ಹೇಳಿತು. ಅದಕ್ಕೂ ಒಂದು ವರ್ಷ ಮೊದಲು ಬಂದ ಐಎಸ್‌ಒ 26000 ಮಾರ್ಗಸೂಚಿಯಲ್ಲೂ ಇದೇ ಇದೆ. (ಐಎಸ್‌ಒ 26000 ಸರ್ಟಿಫಿಕೇಟ್ ಕೊಡಿಸುತ್ತೇವೆ ಅಂತ ಯಾರಾದರೂ ಕನ್ಸಲ್ಟೆಂಟ್ ಬಂದರೆ ಬಾಗಿಲಲ್ಲೇ ಕಳಿಸಿಬಿಡಿ, ಅದಕ್ಕೆ ಸರ್ಟಿಫಿಕೇಟ್ ಅನ್ನುವುದೇ ಇಲ್ಲ.) ಅಂದರೆ ಸರಕು ಯಾರ ಹತ್ತಿರ ಕೊಳ್ಳುತ್ತೀರಿ, ಎಷ್ಟು ದಿನಕ್ಕೆ ದುಡ್ಡು ಕೊಡುತ್ತೀರಿ, ಗುತ್ತಿಗೆ ಕೆಲಸಗಾರರಿಗೆ ಸಂಬಳ ಸರಿಯಾಗಿ ಕೈ ಸೇರುತ್ತಿದೆಯಾ, ಮ್ಯಾನೇಜರ್‌ಗೆ ಬೋನಸ್ ಯಾವುದರ ಮೇಲೆ ಕೊಡುತ್ತೀರಿ, ಇದೆಲ್ಲ ಆ ಮೇಲ್‌ನೊಳಗಿದೆ. ಇದಕ್ಕೆ ಬೇಕಾದ ದುಡ್ಡು ಬರಬೇಕಾದದ್ದು ಆಯಾ ಡಿಪಾರ್ಟ್‌ಮೆಂಟ್‌ನ ಬಜೆಟ್ಟಿನಿಂದ.

ನಮ್ಮ ಪಕ್ಕದಲ್ಲೇ ನಡೆದದ್ದನ್ನು ನೆನಪು ಮಾಡಿಕೊಳ್ಳಿ. 2020ರ ಡಿಸೆಂಬರ್ 12ರ ಬೆಳಗ್ಗೆ ಕೋಲಾರ ಜಿಲ್ಲೆಯ ನರಸಾಪುರದಲ್ಲಿ, ಐಫೋನ್ ಜೋಡಿಸುತ್ತಿದ್ದ ವಿಸ್ಟ್ರಾನ್ ಕಾರ್ಖಾನೆಯಲ್ಲಿ ಕೆಲಸಗಾರರು ರೊಚ್ಚಿಗೆದ್ದರು. ಗಾಜು ಒಡೆಯಿತು, ವಾಹನಗಳು ಉರುಳಿದವು. ಸಂಬಳ ಸರಿಯಾಗಿ ಬರುತ್ತಿಲ್ಲ ಅನ್ನುವುದು ಅವರ ದೂರಾಗಿತ್ತು. ಕೆಲಸದ ಅವಧಿಯ ಲೆಕ್ಕ ಇಡುವ ವ್ಯವಸ್ಥೆಯನ್ನೇ ಕಂಪನಿ ಸರಿಯಾಗಿ ಮಾಡಿರಲಿಲ್ಲ, ಅದರಿಂದ ಅಕ್ಟೋಬರ್ ಮತ್ತು ನವೆಂಬರ್‌ನಲ್ಲಿ ಕೆಲವರ ಸಂಬಳ ತಡವಾಗಿದೆ ಅಂತ ಆಪಲ್‌ನ ತನಿಖೆಯಲ್ಲಿ ಕಂಡುಬಂತು. ವಿಸ್ಟ್ರಾನ್ ಕ್ಷಮೆ ಕೇಳಿತು. ಎಲ್ಲ ಸರಿ ಮಾಡುವ ತನಕ ಹೊಸ ಆರ್ಡರ್ ಇಲ್ಲ ಅಂತ ಆಪಲ್ ಹೇಳಿತು. ಗಮನಿಸಿ, ಪೂರೈಕೆದಾರರು ಹೇಗೆ ನಡೆದುಕೊಳ್ಳಬೇಕು ಅನ್ನುವ ಸಂಹಿತೆ ಆಪಲ್‌ನಲ್ಲಿ 2005ರಿಂದಲೇ ಇತ್ತು. ಪುಸ್ತಕದಲ್ಲಿ ಎಲ್ಲವೂ ಇತ್ತು. ಅಟೆಂಡೆನ್ಸ್ ಮತ್ತು ಪೇರೋಲ್ ನಡುವೆ, ತಿಂಗಳ ಕೊನೆಯ ಆ ಲೆಕ್ಕದಲ್ಲಿ, ಅದು ಇರಲಿಲ್ಲ. ಅಲ್ಲಿ ಎಷ್ಟು ಶಾಲೆಗೆ ಬೆಂಚು ಕೊಟ್ಟಿದ್ದರೂ ಆ ಬೆಳಗ್ಗೆ ನಡೆದದ್ದು ತಪ್ಪುತ್ತಿರಲಿಲ್ಲ.

ನಿಮ್ಮದು ಕಾರ್ಖಾನೆ ಅಲ್ಲ, ಆಫೀಸು, ಅದಕ್ಕೇನು ಸಂಬಂಧ ಅಂತೀರಾ? ಇದೆ. ನಿಮ್ಮ ಕಟ್ಟಡದಲ್ಲಿ ಬೆಳಗ್ಗೆ ಆರಕ್ಕೆ ಬಂದು ನೆಲ ಒರೆಸುವವರು, ಗೇಟಿನಲ್ಲಿ ನಿಲ್ಲುವ ಸೆಕ್ಯುರಿಟಿಯವರು, ರಾತ್ರಿ ಪಾಳಿಯ ಕ್ಯಾಬ್ ಓಡಿಸುವವರು, ಇವರಲ್ಲಿ ಯಾರೂ ನಿಮ್ಮ ಕಂಪನಿಯ ರೋಲ್‌ನಲ್ಲಿ ಇರುವುದಿಲ್ಲ. ಒಬ್ಬರ ಪೇ ಸ್ಲಿಪ್ ಕೇಳಿ ನೋಡಿ. ಸ್ಲಿಪ್ಪೇ ಕೊಡುತ್ತಾರಾ ಅಂತ ಮೊದಲು ಕೇಳಿ. ಪಿಎಫ್ ಕಡಿತ ಆಗಿದ್ದರೆ ಆ ಪಿಎಫ್ ಖಾತೆಯ ಯುಎಎನ್ ನಂಬರ್ ಅವರಿಗೆ ಗೊತ್ತಾ, ಆ ದುಡ್ಡು ನಿಜವಾಗಿ ಖಾತೆಗೆ ಹೋಗಿದೆಯಾ, ಚಿಕಿತ್ಸೆಗೆ ಬೇಕಾದ ಇಎಸ್‌ಐ ವಿಮೆಯ ಕಾರ್ಡ್ ಕೈಗೆ ಬಂದಿದೆಯಾ, ವಾರದ ರಜೆಯ ದಿನ ಬಂದರೆ ಹೆಚ್ಚಿನ ಕೂಲಿ ಕೊಟ್ಟಿದ್ದಾರಾ? ಗುತ್ತಿಗೆದಾರ ಸಂಬಳ ಕೊಡದಿದ್ದರೆ ಮುಖ್ಯ ಮಾಲೀಕರೇ, ಅಂದರೆ ಕೆಲಸ ಮಾಡಿಸಿಕೊಂಡ ಕಂಪನಿಯೇ, ಕೊಡಬೇಕು ಅನ್ನುವುದು 1970ರ ಗುತ್ತಿಗೆ ಕಾರ್ಮಿಕ ಕಾಯ್ದೆಯ ಕಾಲದಿಂದ ಇರುವ ನಿಯಮ. ಫೆಸಿಲಿಟಿ ಕಾಂಟ್ರ್ಯಾಕ್ಟ್ ಅನ್ನು ಕಡಿಮೆ ರೇಟಿಗೆ ಕೊಟ್ಟು ‘ಅದು ಏಜೆನ್ಸಿಯವರ ವಿಷಯ’ ಅಂದರೆ ನಡೆಯುವುದಿಲ್ಲ. ರೇಟ್ ಮಾತಾಡುವಾಗಲೇ ಕನಿಷ್ಠ ವೇತನ, ಪಿಎಫ್, ಇಎಸ್‌ಐ, ಬೋನಸ್ ಎಲ್ಲ ಕೂಡಿ ತಲೆಗೆ ಎಷ್ಟಾಗುತ್ತದೆ ಅಂತ ಲೆಕ್ಕ ಹಾಕಿ. ಅದಕ್ಕಿಂತ ಕಡಿಮೆ ಕೋಟ್ ಮಾಡಿದವರನ್ನು ಪಕ್ಕಕ್ಕಿಡಿ. ಅಷ್ಟು ಕಡಿಮೆಗೆ ಹೇಗೆ ಕೊಡುತ್ತಾರೆ ಅಂತ ನಿಮಗೂ ಗೊತ್ತು, ನನಗೂ ಗೊತ್ತು.

ಇನ್ನೊಂದು ವಿಷಯ ಬೆಂಗಳೂರಿನವರಿಗೇ ಜಾಸ್ತಿ ಅನ್ವಯಿಸುತ್ತದೆ. ಇಲ್ಲಿನ ಎಷ್ಟೋ ಸೆಂಟರ್‌ಗಳಲ್ಲಿ ಕಂಪನಿಯ ಇಡೀ ಜಗತ್ತಿನ ವೆಂಡರ್ ಬಿಲ್ಲುಗಳು ಪಾಸಾಗುತ್ತವೆ. ವಿಯೆಟ್ನಾಂನ ಸಣ್ಣ ಪೂರೈಕೆದಾರನಿಗೆ ದುಡ್ಡು ಮೂವತ್ತು ದಿನಕ್ಕೆ ಹೋಗಬೇಕಾ ತೊಂಬತ್ತಕ್ಕಾ ಅನ್ನುವ ಸೆಟ್ಟಿಂಗ್ ನಿಮ್ಮ ಮೂರನೇ ಮಹಡಿಯಲ್ಲಿ ಕೂತ ಹುಡುಗರ ಸ್ಕ್ರೀನ್ ಮೇಲಿರುತ್ತದೆ. ಆ ಟೀಮಿನ ಮ್ಯಾನೇಜರ್ ಜೊತೆ ಒಂದು ಕಾಫಿ ಕುಡಿಯಿರಿ. ಹತ್ತು ಪುಟದ ಪ್ಲಾನ್‌ಗಿಂತ ಆ ಮಾತುಕತೆಯಿಂದ ಜಾಸ್ತಿ ಕೆಲಸ ಆಗುತ್ತದೆ.

ಹೆಡ್ ಆಫೀಸ್‌ಗೆ ಬರೆಯುವಾಗ ಎರಡನ್ನು ಖಡಾಖಂಡಿತವಾಗಿ ಕೇಳಿ. ಪರ್ಚೇಸ್‌ನ ದೊಡ್ಡ ಟೆಂಡರ್ ನಿರ್ಧಾರವಾಗುವ ಮೀಟಿಂಗ್‌ನಲ್ಲಿ ನಿಮಗೆ ಕುರ್ಚಿ ಬೇಕು, ಬೇಡ ಅನ್ನುವ ಅಧಿಕಾರದ ಸಮೇತ. ಎರಡನೆಯದು, ಸೈಟ್ ಹೆಡ್ ಮತ್ತು ಪರ್ಚೇಸ್ ಹೆಡ್‌ನ ವಾರ್ಷಿಕ ಬೋನಸ್‌ನಲ್ಲಿ ಒಂದು ಪಾಲು ಗುತ್ತಿಗೆಯವರ ಸಂಬಳ, ಪೂರೈಕೆದಾರರ ಪೇಮೆಂಟ್ ಸರಿಯಾಗಿ ಹೋಯಿತಾ ಅನ್ನುವುದರ ಮೇಲೆ ನಿಲ್ಲಬೇಕು. ರೇಟ್ ಇಳಿಸಿದ್ದಕ್ಕೆ ಮಾತ್ರ ಬಹುಮಾನ ಕೊಡುವ ಕಡೆ ಬೇರೆ ಯಾವ ಪಾಲಿಸಿಯೂ ಉಳಿಯುವುದಿಲ್ಲ.

ರ‍್ಯಾಂಕಿಂಗ್, ಅವಾರ್ಡ್ ನಂಬಿಕೊಂಡು ಕೂರಬೇಡಿ. 2015ರ ಸೆಪ್ಟೆಂಬರ್‌ನಲ್ಲಿ ಫೋಕ್ಸ್‌ವ್ಯಾಗನ್ ಕಂಪನಿಗೆ ಪರಿಸರ, ಸಮಾಜದ ಹೊಣೆಯಲ್ಲಿ ಕಂಪನಿಗಳನ್ನು ಅಳೆಯುವ ಡೋ ಜೋನ್ಸ್ ಸಸ್ಟೈನಬಿಲಿಟಿ ಸೂಚ್ಯಂಕದಲ್ಲಿ ವಾಹನ ತಯಾರಕರಲ್ಲೇ ಮೊದಲ ಸ್ಥಾನ ಸಿಕ್ಕಿತ್ತು. ಅದೇ ತಿಂಗಳ 18ರಂದು, ಹೊಗೆ ಪರೀಕ್ಷೆ ನಡೆಯುವಾಗ ಮಾತ್ರ ಕಡಿಮೆ ಹೊಗೆ ಉಗುಳುವ ಹಾಗೆ ಕಾರಿನಲ್ಲಿ ಸಾಫ್ಟ್‌ವೇರ್ ಹಾಕಿದ್ದಾರೆ ಅಂತ ಅಮೆರಿಕದ ಪರಿಸರ ಸಂಸ್ಥೆ ಬಯಲು ಮಾಡಿತು. ಜಗತ್ತಿನಾದ್ಯಂತ ಸುಮಾರು 1.1 ಕೋಟಿ ವಾಹನಗಳಲ್ಲಿ ಅದಿತ್ತು.

ಹಾಗಂತ ಶಾಲೆಯ ಕೆಲಸ ಬಿಡಿ ಅಂತ ಹೇಳುತ್ತಿಲ್ಲ. ಅದನ್ನೂ ನಿಮ್ಮ ಕಂಪನಿಗೆ ಗೊತ್ತಿರುವ ಕೆಲಸದ ಹತ್ತಿರಕ್ಕೆ ತನ್ನಿ. ಬಿಡದಿಯಲ್ಲಿ ಟೊಯೊಟಾದವರು 2007ರಲ್ಲಿ ತರಬೇತಿ ಸಂಸ್ಥೆ ಶುರು ಮಾಡಿದರು. ಹತ್ತನೇ ತರಗತಿ ಮುಗಿಸಿದ ಹಳ್ಳಿ ಮಕ್ಕಳು ಅಲ್ಲೇ ಉಳಿದು ಕೆಲಸ ಕಲಿಯುತ್ತಾರೆ. ಕಾರು ಮಾಡುವವರಿಗೆ ವೆಲ್ಡಿಂಗ್, ಪೇಂಟ್, ಜೋಡಣೆ ಕಲಿಸೋಕೆ ಬರುತ್ತದೆ, ಅದನ್ನೇ ಕಲಿಸಿದರು. ಸಾಫ್ಟ್‌ವೇರ್ ಕಂಪನಿ ಸುಮ್ನೆ ಕಂಪ್ಯೂಟರ್ ಕೊಟ್ಟು ಫೋಟೋ ತೆಗೆಸಿಕೊಂಡು ಬಂದರೆ, ಆರು ತಿಂಗಳಲ್ಲಿ ಆ ಕಂಪ್ಯೂಟರ್‌ಗಳು ಹೆಡ್‌ಮಾಸ್ಟರ್ ಕೋಣೆಯಲ್ಲಿ ಬಟ್ಟೆ ಹೊದ್ದು ಕೂತಿರುತ್ತವೆ. ಯುಪಿಎಸ್ ಬ್ಯಾಟರಿ ಸತ್ತಿರುತ್ತದೆ, ಪಾಸ್‌ವರ್ಡ್ ಗೊತ್ತಿದ್ದ ಮೇಷ್ಟ್ರಿಗೆ ವರ್ಗ ಆಗಿರುತ್ತದೆ, ಕಳ್ಳತನ ಆದರೆ ಯಾರು ಹೊಣೆ ಅಂತ ಬೀಗ ಹಾಕಿಟ್ಟಿರುತ್ತಾರೆ. ಇದನ್ನು ನಾನು ಎಷ್ಟೋ ಶಾಲೆಯಲ್ಲಿ ನೋಡಿದ್ದೇನೆ, ಪ್ರತಿ ಸಲವೂ ಬೇಜಾರಾಗಿದೆ.

ಪ್ರಶ್ನೆ: ಪೀಣ್ಯದಲ್ಲಿ ನಮ್ಮದು ಸಣ್ಣ ಮೆಷಿನ್ ಶಾಪ್. ಒಂದು ದೊಡ್ಡ ವಿದೇಶಿ ಕಂಪನಿಗೆ ಪಾರ್ಟ್ ಮಾಡಿಕೊಡುತ್ತೇವೆ. ಈ ವರ್ಷ ನಲವತ್ತು ಪುಟದ ‘ಸಪ್ಲೈಯರ್ ಕೋಡ್’ ಕಳಿಸಿದ್ದಾರೆ. ಕಾರ್ಬನ್ ಲೆಕ್ಕ ಬೇಕಂತೆ, ವಾರಕ್ಕೆ ಇಷ್ಟೇ ಗಂಟೆ ಕೆಲಸವಂತೆ. ಅದೇ ವಾರ ಪರ್ಚೇಸ್‌ನಿಂದ ಫೋನು, ರೇಟ್ ಐದು ಪರ್ಸೆಂಟ್ ಇಳಿಸಿ ಅಂತ. ಪೇಮೆಂಟ್ ತೊಂಬತ್ತು ದಿನಕ್ಕೆ. ಜವಾಬ್ದಾರಿ ಎಲ್ಲ ನಮ್ಮದೇನಾ? (ಪೀಣ್ಯ ಎರಡನೇ ಹಂತ)

ಉತ್ತರ: ನಾನು ಪರ್ಚೇಸ್‌ನಲ್ಲಿ ಬಹಳ ವರ್ಷ ಕೆಲಸ ಮಾಡಿದವಳು. ನೀವು ಬರೆದದ್ದರಲ್ಲಿ ಒಂದಕ್ಷರವೂ ಉತ್ಪ್ರೇಕ್ಷೆ ಅಲ್ಲ ಅಂತ ಗೊತ್ತು.

ಆಡಿಟ್‌ನ ದಿನ ಹೇಗಿರುತ್ತದೆ ಅಂತ ನಿಮಗೆ ಹೇಳಬೇಕಾಗಿಲ್ಲ, ಉಳಿದ ಓದುಗರಿಗಾಗಿ ಹೇಳುತ್ತೇನೆ. ಒಂದು ಪೌಡರ್ ಕೋಟಿಂಗ್ ಶಾಪ್‌ಗೆ ಆಡಿಟ್ ತಂಡದ ಜೊತೆ ಹೋಗಿದ್ದೆ. ಎಲ್ಲರ ಮುಖದ ಮೇಲೂ ಮಾಸ್ಕ್ ಇತ್ತು. ಮಾಸ್ಕಿನ ಮೇಲೆ ಪ್ಯಾಕೆಟ್‌ನ ಮಡಿಕೆ ಗೆರೆ ಇನ್ನೂ ಹಾಗೇ ಇತ್ತು. ಹಿಂದಿನ ಬಾಗಿಲ ಮುಂದೆ ನೆಲದಲ್ಲಿ ಚೌಕಾಕಾರದ ಧೂಳಿನ ಗುರುತು, ಅಂದರೆ ಅಲ್ಲಿ ಪೇರಿಸಿದ್ದ ಡಬ್ಬಗಳನ್ನು ಆ ಬೆಳಗ್ಗೆಯೇ ಎತ್ತಿದ್ದಾರೆ. ಆಡಿಟರ್ ಹಾಳೆಯಲ್ಲಿ ‘ತುರ್ತು ದ್ವಾರ ಇದೆ’ ಅಂತ ಟಿಕ್ ಹಾಕಿ ಮುಂದೆ ಹೋದರು. ಶಾಪ್ ಮಾಲೀಕರು ಕೆಟ್ಟವರಲ್ಲ. ಜಾಗ ಇಲ್ಲ, ಇನ್ನೊಂದು ಶೆಡ್ ಬಾಡಿಗೆಗೆ ಹಿಡಿಯೋಕೆ ನಾವು ಕೊಡುತ್ತಿದ್ದ ರೇಟಿನಲ್ಲಿ ಆಗುತ್ತಿರಲಿಲ್ಲ.

ರೇಟ್ ಮತ್ತು ಡೆಲಿವರಿ ದಿನಾಂಕದ ಒತ್ತಡ ಎಲ್ಲಿಗೆ ಹೋಗಿ ಮುಟ್ಟುತ್ತದೆ ಅನ್ನುವುದನ್ನು 2013ರ ಏಪ್ರಿಲ್ 24ರಂದು ಢಾಕಾ ಪಕ್ಕದ ಸಾವರ್‌ನಲ್ಲಿ ಜಗತ್ತು ನೋಡಿತು. ರಾನಾ ಪ್ಲಾಜಾ ಕಟ್ಟಡದ ಗೋಡೆಯಲ್ಲಿ ಬಿರುಕು ಕಂಡದ್ದು ಹಿಂದಿನ ದಿನ. ಅದೇ ಕಟ್ಟಡದಲ್ಲಿದ್ದ ಬ್ಯಾಂಕಿನವರು ತಮ್ಮ ನೌಕರರಿಗೆ ಬರಬೇಡಿ ಅಂದರು. ಮೇಲಿನ ಮಹಡಿಗಳ ಗಾರ್ಮೆಂಟ್ಸ್‌ನವರು ಕೆಲಸಕ್ಕೆ ಕರೆದರು, ಆರ್ಡರ್ ಕಳಿಸಬೇಕಿತ್ತು. 1,100ಕ್ಕೂ ಜಾಸ್ತಿ ಜನ ಸತ್ತರು. ಫ್ರಾನ್ಸ್‌ನಲ್ಲಿ 2017ರಲ್ಲಿ ಬಂದ, ದೊಡ್ಡ ಕಂಪನಿಗಳು ತಮ್ಮ ಪೂರೈಕೆದಾರರ ಮೇಲೂ ಕಣ್ಣಿಡಬೇಕು ಅನ್ನುವ ಕಾನೂನಿನ ಹಿಂದೆ ಈ ದುರಂತ ಇದೆ. ಜರ್ಮನಿಯ ಇಂಥದ್ದೇ ಕಾನೂನು 2023ರಿಂದ ಜಾರಿಗೆ ಬಂತು. ಯುರೋಪಿಯನ್ ಒಕ್ಕೂಟ 2024ರಲ್ಲಿ ಎಲ್ಲ ಸದಸ್ಯ ದೇಶಗಳಿಗೂ ಸೇರಿ ಒಂದು ನಿರ್ದೇಶನ ಒಪ್ಪಿತು, 2025ರಲ್ಲಿ ಅದರ ಜಾರಿಯ ದಿನಾಂಕ ಮುಂದೆ ಹೋಯಿತು. ನಿಮಗೆ ಬಂದ ನಲವತ್ತು ಪುಟದ ಬೇರು ಇಲ್ಲಿದೆ. ಬೇರು ಒಳ್ಳೆಯದೇ. ಆದರೆ ಆ ಹೊಣೆಯನ್ನು ಕೆಳಗಿನವರ ತಲೆಗೆ ಕಟ್ಟಿ ರೇಟ್ ಮಾತ್ರ ಮೇಲಿನವರು ಹಿಡಿದುಕೊಂಡರೆ ಆ ಕಾನೂನಿನ ಉದ್ದೇಶವೇ ಹಾಳು.

ಈಗ ನಿಮ್ಮ ಕೈಯಲ್ಲಿರುವ ಅಸ್ತ್ರ. 2006ರ ಎಂಎಸ್‌ಎಂಇ ಕಾಯ್ದೆಯ ಪ್ರಕಾರ ಸೂಕ್ಷ್ಮ ಮತ್ತು ಸಣ್ಣ ಉದ್ದಿಮೆಗೆ 45 ದಿನದೊಳಗೆ ದುಡ್ಡು ಕೊಡಬೇಕು. ಬರಹದಲ್ಲಿ ಒಪ್ಪಂದ ಇಲ್ಲದಿದ್ದರೆ 15 ದಿನ. ಒಪ್ಪಂದದಲ್ಲಿ ತೊಂಬತ್ತು ದಿನ ಅಂತ ಬರೆಸಿಕೊಂಡಿದ್ದರೂ 45 ದಾಟುವ ಹಾಗಿಲ್ಲ. ತಡವಾದರೆ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು, ಅದೂ ಚಕ್ರಬಡ್ಡಿ. 2025ರ ಏಪ್ರಿಲ್‌ನಿಂದ, ಯಂತ್ರಗಳ ಮೇಲಿನ ಹೂಡಿಕೆ 25 ಕೋಟಿ ಮತ್ತು ವಹಿವಾಟು 100 ಕೋಟಿ ರೂಪಾಯಿ ದಾಟದಿದ್ದರೆ ನೀವು ‘ಸಣ್ಣ’ ಉದ್ದಿಮೆಯೇ. ಸಣ್ಣ ಉದ್ದಿಮೆಗಳಿಗೆ ಸರ್ಕಾರ ಮಾಡಿಕೊಡುವ ಉದ್ಯಮ್ ನೋಂದಣಿ ಇನ್ನೂ ಆಗಿಲ್ಲದಿದ್ದರೆ ಈ ವಾರವೇ ಮಾಡಿಸಿ, ನಂಬರನ್ನು ಪ್ರತಿ ಇನ್‌ವಾಯ್ಸ್ ಮೇಲೂ ಹಾಕಿ. ಆದಾಯ ತೆರಿಗೆಯಲ್ಲೂ ಬಿಗಿ ಬಂದಿದೆ. 2023-24ನೇ ಸಾಲಿನಿಂದ, ನಿಮಗೆ ಗಡುವಿನೊಳಗೆ ದುಡ್ಡು ಕೊಡದೆ ಬಾಕಿ ಇಟ್ಟರೆ, ನಿಜವಾಗಿ ಕೊಡುವ ವರ್ಷದವರೆಗೂ ಆ ಕಂಪನಿ ಅದನ್ನು ಖರ್ಚು ಅಂತ ತೋರಿಸುವ ಹಾಗಿಲ್ಲ. ಫೈನಾನ್ಸ್‌ನವರಿಗೆ ಈ ಮಾತು ತಕ್ಷಣ ಅರ್ಥವಾಗುತ್ತದೆ.

ಇಂಥ ಬಾಕಿಯ ದೂರು ಕೇಳುವ ಸರ್ಕಾರದ ಫೆಸಿಲಿಟೇಷನ್ ಕೌನ್ಸಿಲ್‌ಗೆ ದೂರು ಕೊಟ್ಟರೆ ಆರ್ಡರ್ ಹೋಗುತ್ತದೆ ಅನ್ನುವ ಭಯ ನಿಮಗಿರುತ್ತದೆ, ಅದು ನ್ಯಾಯವಾದ ಭಯ. ಅದಕ್ಕೆ ಮೊದಲು ಒಂದು ಕೆಲಸ ಮಾಡಿ. ಆ ಕೋಡ್‌ಗೆ ಸಹಿ ಹಾಕಿ ವಾಪಸ್ ಕಳಿಸುವಾಗ ಜೊತೆಗೆ ಒಂದು ಪುಟ ಇಡಿ. ನೀವು ಕೇಳಿದ್ದು ಇಷ್ಟು, ಅದಕ್ಕೆ ನಮಗೆ ಪೀಸಿಗೆ ಇಷ್ಟು ಖರ್ಚು, ಪೇಮೆಂಟ್ 45 ದಿನಕ್ಕೆ ಬಂದರೆ ಇಷ್ಟು ಕಡಿಮೆ ಮಾಡಬಹುದು ಅಂತ. ಪರ್ಚೇಸ್‌ಗೂ ಅವರ ಸಸ್ಟೈನಬಿಲಿಟಿ ಟೀಮಿಗೂ ಒಂದೇ ಮೇಲ್‌ನಲ್ಲಿ ಕಳಿಸಿ. ಎಷ್ಟೋ ಕಂಪನಿಯಲ್ಲಿ ಆ ಎರಡು ಟೀಮು ಒಂದೇ ಕಾಗದವನ್ನು ಕೂತು ಓದುವುದು ಅದೇ ಮೊದಲು.

ಪ್ರಶ್ನೆ: ನಮ್ಮ ಕಂಪನಿ ಅಮೆರಿಕದ್ದು. ಇಲ್ಲಿ ಬ್ರ್ಯಾಂಚ್ ಮಾತ್ರ. ನಮಗೂ ಎರಡು ಪರ್ಸೆಂಟ್ ಅನ್ವಯಿಸುತ್ತದಾ? ನಾವು ಶನಿವಾರ ಹೋಗಿ ಮಕ್ಕಳಿಗೆ ಪಾಠ ಹೇಳುವ ಗಂಟೆಗಳನ್ನು ಸಿಎಸ್‌ಆರ್ ಖರ್ಚು ಅಂತ ಲೆಕ್ಕ ಹಾಕಬಹುದಾ? (ಮಾನ್ಯತಾ ಟೆಕ್ ಪಾರ್ಕ್)

ಉತ್ತರ: ಮೊದಲನೆಯದಕ್ಕೆ ಹೌದು. ಭಾರತದಲ್ಲಿ ಬ್ರ್ಯಾಂಚ್ ಅಥವಾ ಪ್ರಾಜೆಕ್ಟ್ ಆಫೀಸ್ ಇರುವ ವಿದೇಶಿ ಕಂಪನಿಗೂ, ಆ ಮಿತಿ ಮುಟ್ಟಿದರೆ, ಇಲ್ಲಿನ ಲಾಭದ ಮೇಲೆ ಅನ್ವಯಿಸುತ್ತದೆ. ಎರಡನೆಯದಕ್ಕೆ ಇಲ್ಲ. ನೌಕರರ ಸಮಯಕ್ಕೆ ಬೆಲೆ ಕಟ್ಟಿ ಖರ್ಚು ಅಂತ ತೋರಿಸುವ ಹಾಗಿಲ್ಲ. ಆದರೂ ಹೋಗಿ. ಪ್ರತಿ ಶನಿವಾರ ಬರುವ ಅಕ್ಕ, ಅಣ್ಣ ಆ ಮಕ್ಕಳಿಗೆ ಬೇಕು. ಹೋಗೋದಾದರೆ ಇಡೀ ವರ್ಷ ಹೋಗಿ, ಮಧ್ಯದಲ್ಲಿ ಬಿಡಬೇಡಿ.

ಪ್ರಶ್ನೆ: ನಾನು ಸಾರ್ವಜನಿಕ ವಲಯದ ಕಾರ್ಖಾನೆಯಲ್ಲಿ ದುಡಿದು ನಿವೃತ್ತನಾದವನು. ನಮ್ಮ ಕಾಲದಲ್ಲಿ ಸಿಎಸ್‌ಆರ್ ಅನ್ನುವ ಹೆಸರೇ ಇರಲಿಲ್ಲ. ಕ್ವಾರ್ಟರ್ಸ್ ಇತ್ತು, ಶಾಲೆ ಇತ್ತು, ಆಸ್ಪತ್ರೆ ಇತ್ತು, ಕ್ಯಾಂಟೀನಿನಲ್ಲಿ ಪೈಸೆಗೆ ಊಟ. ಈಗಿನವರು ಅದಕ್ಕಿಂತ ಜಾಸ್ತಿ ಏನು ಮಾಡುತ್ತಿದ್ದಾರೆ? (ಜಾಲಹಳ್ಳಿ)

ಉತ್ತರ: ಸರ್, ನಿಮ್ಮ ಪತ್ರ ಓದಿ ಖುಷಿಯಾಯಿತು. ವಿಮಾನದ ಎಚ್‌ಎಎಲ್ 1940ರಲ್ಲಿ, ಟೆಲಿಫೋನ್‌ನ ಐಟಿಐ 1948ರಲ್ಲಿ, ಮೆಷಿನ್ ಟೂಲ್ಸ್‌ನ ಎಚ್‌ಎಂಟಿ 1953ರಲ್ಲಿ, ಎಲೆಕ್ಟ್ರಾನಿಕ್ಸ್‌ನ ಬಿಇಎಲ್ 1954ರಲ್ಲಿ ಶುರುವಾದವು. ಈ ಊರಿನ ಅರ್ಧ ಮಧ್ಯಮ ವರ್ಗ ಆ ಗೇಟುಗಳ ಒಳಗಿಂದ ಬಂತು ಅಂದರೆ ತಪ್ಪಾಗಲಾರದು. ಅಲ್ಲಿ ಹೊಣೆ ಅನ್ನುವುದು ಪ್ರತ್ಯೇಕ ಡಿಪಾರ್ಟ್‌ಮೆಂಟ್ ಆಗಿರಲಿಲ್ಲ. ಕಾರ್ಖಾನೆ ನಡೆಸುವ ಖರ್ಚಿನಲ್ಲೇ ಶಾಲೆಯೂ ಬಸ್ಸೂ ಸೇರಿರುತ್ತಿದ್ದವು. ನಾನು ಮೇಲೆ ವೈಟ್‌ಫೀಲ್ಡ್‌ನವರಿಗೆ ಹೇಳಿದ್ದೂ ಅದನ್ನೇ, ನಿಮ್ಮವರು ಅದನ್ನು ಮೊದಲೇ ಮಾಡಿದ್ದರು.

ಒಂದು ಮಾತು ಮಾತ್ರ ಸೇರಿಸುತ್ತೇನೆ. ಆ ಸೌಲಭ್ಯ ಎಲ್ಲ ಪರ್ಮನೆಂಟ್ ಆದವರಿಗೆ. ಗೇಟಿನ ಆಚೆ ಹಳ್ಳಿಯವರಿಗೆ, ಗುತ್ತಿಗೆಯಲ್ಲಿ ಲೋಡಿಂಗ್ ಮಾಡುವವರಿಗೆ ಅದು ಅಷ್ಟಾಗಿ ದಕ್ಕಲಿಲ್ಲ. ಈಗ ಹೊರಗಿನವರೇ ಜಾಸ್ತಿ, ಒಳಗಿನವರು ಕಡಿಮೆ. ಹಾಗಾಗಿ ಹಳೆಯ ಮಾದರಿ ಹಾಗೇ ವಾಪಸ್ ತರೋಕೆ ಆಗುವುದಿಲ್ಲ.

ಆಡುಗೋಡಿಯ ಮೈಕೋ ನಿಮಗೆ ಗೊತ್ತೇ ಇದೆ. ಅದರ ಮೂಲ ಕಂಪನಿಯಾದ ಜರ್ಮನಿಯ ಬಾಷ್‌ನಲ್ಲಿ ದಿನಕ್ಕೆ ಎಂಟು ಗಂಟೆ ಕೆಲಸ ಅನ್ನುವುದು 1906ರಲ್ಲೇ ಬಂತು. ಇವತ್ತಿಗೂ ಆ ಕಂಪನಿಯ ಶೇ. 90ಕ್ಕೂ ಜಾಸ್ತಿ ಪಾಲು ಒಂದು ದತ್ತಿ ಸಂಸ್ಥೆಯ ಕೈಯಲ್ಲಿದೆ, ಪಾಲಿಗೆ ಬರುವ ಡಿವಿಡೆಂಡ್ ಆರೋಗ್ಯ, ಶಿಕ್ಷಣದಂಥ ಕೆಲಸಕ್ಕೆ ಹೋಗುತ್ತದೆ. ಮಾಲೀಕತ್ವದಲ್ಲೇ ಹೊಣೆಯನ್ನು ಕಟ್ಟಿಟ್ಟರೆ ಯಜಮಾನರು ಬದಲಾದರೂ ಅದು ಉಳಿಯುತ್ತದೆ. ಫ್ರಾನ್ಸ್‌ನ ಆಹಾರ ಕಂಪನಿ ಡಾನೋನ್ ಇದಕ್ಕೆ ಇನ್ನೊಂದು ಉದಾಹರಣೆ. 2020ರಲ್ಲಿ ಷೇರುದಾರರು ಒಪ್ಪಿ, ಸಮಾಜ ಮತ್ತು ಪರಿಸರದ ಗುರಿಗಳನ್ನು ಕಂಪನಿಯ ನಿಯಮಾವಳಿಯಲ್ಲೇ ಬರೆದರು. ಮುಂದಿನ ವರ್ಷದ ಮಾರ್ಚ್‌ನಲ್ಲಿ, ಅದನ್ನು ಮುಂದೆ ನಿಂತು ಮಾಡಿಸಿದ ಮುಖ್ಯಸ್ಥರನ್ನೇ ಬೋರ್ಡ್ ತೆಗೆಯಿತು. ಮನುಷ್ಯ ಹೋದರು, ಬರೆದ ನಿಯಮ ಉಳಿಯಿತು.

ಪ್ರಶ್ನೆ: ನಮ್ಮ ಕ್ಯಾಂಪಸ್ ಔಟರ್ ರಿಂಗ್ ರೋಡಿನಲ್ಲಿದೆ. ಕಂಪನಿ ಒಂದು ಕೆರೆ ಅಭಿವೃದ್ಧಿಗೆ ದುಡ್ಡು ಕೊಟ್ಟು ದೊಡ್ಡ ಬೋರ್ಡ್ ಹಾಕಿದೆ. ಇತ್ತ ನಮಗೆ ದಿನವೂ ಟ್ಯಾಂಕರ್ ನೀರು ಬರುತ್ತದೆ. ಇದು ಸರಿಯಾ? (ಬೆಳ್ಳಂದೂರು)

ಉತ್ತರ: ಕೆರೆಗೆ ಕೊಟ್ಟದ್ದು ಸರಿ. ಟ್ಯಾಂಕರ್ ಬಗ್ಗೆ ಕೇಳದೆ ಇರುವುದು ಸರಿಯಲ್ಲ.

ಆ ಟ್ಯಾಂಕರ್ ಯಾವ ಊರಿನ ಬೋರ್‌ವೆಲ್‌ನಿಂದ ಬರುತ್ತದೆ ಅಂತ ನಿಮ್ಮ ಫೆಸಿಲಿಟಿಯವರನ್ನು ಕೇಳಿ. ಗೇಟಿನ ರಿಜಿಸ್ಟರ್‌ನಲ್ಲಿ ಗಾಡಿ ನಂಬರ್, ಹೊತ್ತು ಎರಡೂ ಇರುತ್ತವೆ, ನೀರಿನ ಮೂಲದ ಕಾಲಮ್ ಇರುವುದಿಲ್ಲ. ಅದನ್ನು ಸೇರಿಸಿ. ನೀವು ಕೆರೆ ತುಂಬಿಸುತ್ತಿದ್ದೀರಾ, ಇಲ್ಲ ಇನ್ನೊಂದು ಹಳ್ಳಿಯ ಅಂತರ್ಜಲ ಖಾಲಿ ಮಾಡುತ್ತಿದ್ದೀರಾ ಅನ್ನುವುದು ಆ ಒಂದು ಕಾಲಮ್‌ನಿಂದ ಗೊತ್ತಾಗುತ್ತದೆ. 2024ರ ಮಾರ್ಚ್‌ನಲ್ಲಿ ನೀರಿನ ಬವಣೆ ಬಂದಾಗ, ಕಾರು ತೊಳೆಯೋಕೆ, ಗಿಡಕ್ಕೆ ಕುಡಿಯುವ ನೀರು ಬಳಸಿದರೆ 5,000 ರೂಪಾಯಿ ದಂಡ ಅಂತ ಜಲಮಂಡಳಿ ಆದೇಶ ಮಾಡಬೇಕಾಯಿತು. ಆಗ ಎಷ್ಟು ಕ್ಯಾಂಪಸ್‌ನಲ್ಲಿ ಹುಲ್ಲುಹಾಸು ಹಸಿರಾಗೇ ಇತ್ತು ನೆನಪಿದೆಯಲ್ವಾ?

ನಿಮ್ಮ ಎಸ್‌ಟಿಪಿ, ಅಂದರೆ ಕೊಳಚೆ ನೀರು ಶುದ್ಧೀಕರಿಸುವ ಪ್ಲಾಂಟ್, ಅದರ ನೀರು ಟಾಯ್ಲೆಟ್ ಫ್ಲಶ್‌ಗೆ, ಗಿಡಕ್ಕೆ, ಎಸಿಯ ಕೂಲಿಂಗ್ ಟವರ್‌ಗೆ ಪೂರ್ತಿ ಬಳಕೆಯಾಗುತ್ತಿದೆಯಾ ನೋಡಿಸಿ. ಎಷ್ಟೋ ಕಡೆ ಪ್ಲಾಂಟ್ ಇರುತ್ತದೆ, ವಾಸನೆ ಬರುತ್ತದೆ ಅಂತ ನೀರನ್ನು ಚರಂಡಿಗೆ ಬಿಡುತ್ತಾರೆ, ಚರಂಡಿ ಹೋಗಿ ಸೇರುವುದು ಅದೇ ಕೆರೆಗೆ. ಬೆಳ್ಳಂದೂರು ಕೆರೆಯಲ್ಲಿ ನೊರೆ ಎದ್ದು ರಸ್ತೆಗೆ ಬಂದದ್ದು, 2018ರ ಜನವರಿಯಲ್ಲಿ ಬೆಂಕಿ ಹತ್ತಿ ಸೈನಿಕರು ಆರಿಸೋಕೆ ಬಂದದ್ದು, ಎರಡರ ಹಿಂದೆಯೂ ಶುದ್ಧೀಕರಿಸದ ಕೊಳಚೆ ನೀರಿದೆ. ಒಳಹರಿವು ಸರಿ ಮಾಡದೆ ಹೂಳು ತೆಗೆದು ವಾಕಿಂಗ್ ಪಾತ್ ಹಾಕಿದರೆ ಮೂರು ಮಳೆಗಾಲ ಸಾಕು, ಕೆರೆ ಮೊದಲಿನ ಸ್ಥಿತಿಗೆ ಬರುತ್ತದೆ. ಜಕ್ಕೂರು ಕೆರೆಗೆ ಹೋಗಿ ನೋಡಿ ಬನ್ನಿ. ಅಲ್ಲಿ ಶುದ್ಧೀಕರಿಸಿದ ನೀರು ಮೊದಲು ಜೊಂಡಿನ ಜೌಗಿನಲ್ಲಿ ಹಾದು ಆಮೇಲೆ ಕೆರೆಗೆ ಇಳಿಯುತ್ತದೆ. ಕೆರೆಗೆ ದುಡ್ಡು ಕೊಡುವ ಕಂಪನಿ ಇಂಥ ಕೆಲಸಕ್ಕೆ, ಅದರ ನಿರ್ವಹಣೆಗೆ ಹತ್ತು ವರ್ಷ ಕೊಡಲಿ. ಬೋರ್ಡ್ ಸಣ್ಣದಿದ್ದರೂ ಪರವಾಗಿಲ್ಲ.

ಪ್ರಶ್ನೆ: ನಾನು ಬಿ.ಕಾಂ. ಕೊನೆಯ ವರ್ಷದಲ್ಲಿದ್ದೇನೆ. ಸಿಎಸ್‌ಆರ್, ಇಎಸ್‌ಜಿ ಎರಡರಲ್ಲಿ ಯಾವುದು ಓದಲಿ? ಕೆಲಸ ಸಿಗುತ್ತದಾ? (ಬಸವನಗುಡಿ)

ಉತ್ತರ: ಕೆಲಸ ಇದೆ ಪುಟ್ಟ, ಆದರೆ ಲೆಕ್ಕ ಗೊತ್ತಿದ್ದವರಿಗೆ ಜಾಸ್ತಿ ಇದೆ. ನಿನ್ನ ಬಿ.ಕಾಂ. ಅನ್ನು ಕಡೆಗಣಿಸಬೇಡ. ಸರಳವಾಗಿ ಹೇಳುವುದಾದರೆ, ನಮ್ಮ ದೇಶದಲ್ಲಿ ಸಿಎಸ್‌ಆರ್ ಅಂದರೆ ಆ ಎರಡು ಪರ್ಸೆಂಟ್ ಖರ್ಚು. ಇಎಸ್‌ಜಿ ಅಂದರೆ ಪರಿಸರ, ಸಮಾಜ, ಆಡಳಿತ ಈ ಮೂರರಲ್ಲಿ ಕಂಪನಿ ಹೇಗೆ ನಡೆಯುತ್ತಿದೆ ಅಂತ ಅಳೆದು ಹೂಡಿಕೆದಾರರಿಗೆ ತೋರಿಸುವುದು.

ಮಾರುಕಟ್ಟೆ ಮೌಲ್ಯದಲ್ಲಿ ಷೇರು ಮಾರುಕಟ್ಟೆಯ ಮೊದಲ 1,000 ಕಂಪನಿಗಳು 2022-23ರಿಂದ ಬಿಆರ್‌ಎಸ್‌ಆರ್ ಅನ್ನುವ ಇಎಸ್‌ಜಿ ವರದಿ ಕೊಡಲೇಬೇಕು ಅಂತ ಷೇರು ಮಾರುಕಟ್ಟೆಯ ನಿಯಂತ್ರಕ ಸಂಸ್ಥೆ ಸೆಬಿ ನಿಯಮ ಮಾಡಿದೆ. ವಾರ್ಷಿಕ ವರದಿಯ ಜೊತೆಗೇ ಇರುತ್ತದೆ, ಕಂಪನಿಯ ವೆಬ್‌ಸೈಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಬೆಂಗಳೂರಿನ ಯಾವುದಾದರೂ ಎರಡು ಕಂಪನಿಯದ್ದು ಇಳಿಸಿಕೊಂಡು ಪಕ್ಕಪಕ್ಕ ಇಟ್ಟು ಓದು. ಮುನ್ನುಡಿ, ಫೋಟೋ ಬಿಟ್ಟುಬಿಡು. ಪರ್ಮನೆಂಟ್ ಅಲ್ಲದ ಕೆಲಸಗಾರರು ಎಷ್ಟು, ಗಂಡಸರ ಮತ್ತು ಹೆಂಗಸರ ಮೀಡಿಯನ್ ಸಂಬಳ (ಎಲ್ಲರ ಸಂಬಳ ಸಾಲಾಗಿ ಇಟ್ಟರೆ ನಡುವೆ ಬರುವುದು) ಎಷ್ಟು, ನೀರು ಎಲ್ಲಿಂದ ತಂದರು, ಪೂರೈಕೆದಾರರ ಬಿಲ್ಲಿಗೆ ದುಡ್ಡು ಕೊಡೋಕೆ ಎಷ್ಟು ದಿನ ತೆಗೆದುಕೊಂಡರು, ಈ ನಾಲ್ಕು ಕೋಷ್ಟಕ ಹುಡುಕು. ಕೊನೆಯದನ್ನು ಮಾತ್ರ ಹಿಂದಿನ ವರ್ಷದ್ದರ ಜೊತೆಗೂ ಹೋಲಿಸು. ದಿನ ಜಾಸ್ತಿಯಾಗಿದ್ದರೆ ಯಾಕೆ ಅಂತ ಒಂದು ಪುಟ ಬರೆದು ನನಗೆ ಕಳಿಸು, ಮುಂದಿನ ಸಂಚಿಕೆಯಲ್ಲಿ ಹಾಕುತ್ತೇನೆ.